ಬೀಗದ ಕೈ ಯಾರ ಬಳಿ?



ಪರಊರಿನಲ್ಲಿ ನೆಲೆಸಿದ ನಮ್ಮ ಮನೆಗಳಲ್ಲಿ ಕಂಪನಿಯ ಕೆಲಸಕ್ಕೆ ಹೋಗುವವರು ಒಬ್ಬರಾದರೂ ಇರುತ್ತಾರಷ್ಟೆ. ಬೆಳಿಗ್ಗೆ ಹೆಸರು, ಪಾಸ್‌ವರ್ಡ್ ಕೊಟ್ಟು ಕಂಪ್ಯೂಟರ್ ತೆರೆಯುವುದು ಅವರ ದಿನಚರಿ. ಆ ಹೆಸರಿನ ಹಿಂದೆ ಏನಿದೆಯೆಂದು ಈ ಸಲ ಹೇಳಬೇಕೆಂದಿದ್ದೇನೆ. ಇದಕ್ಕೆ ಕಾರಣ ನನ್ನದೇ ಒಂದು ತಪ್ಪು.

ನಾನು ಪುಣೆಯ ಒಂದು ಕಂಪನಿಯ ಕಂಪ್ಯೂಟರ್ ವಿಭಾಗವನ್ನು ನೋಡಿಕೊಳ್ಳುತ್ತಿದ್ದಾಗ ಹುಬ್ಬಳ್ಳಿಯ ಹುಡುಗನೊಬ್ಬ ಲೆಕ್ಕಪತ್ರದ ಶಾಖೆಯಲ್ಲಿದ್ದ. ಅವನಿಗೆ ಹೈದರಾಬಾದಿನಲ್ಲಿ ಹೆಚ್ಚಿನ ಸಂಬಳದ ಕೆಲಸ ಸಿಕ್ಕಿತು. ಹಾರ ಹಾಕಿ, ಚಹಾ ಕುಡಿಸಿ ಕಳಿಸಿಕೊಟ್ಟೆವು. ಮೇಜಿನ ಬೀಗದ ಕೈ, ಗುರುತಿನ ಚೀಟಿ ಎಲ್ಲವನ್ನೂ ಒಪ್ಪಿಸಿ ಹೋದ. ಅವನ ಖಾತೆಯನ್ನು ಮುಚ್ಚಬೇಕೆಂಬುದು ಮಾತ್ರ ಯಾರಿಗೂ ಹೊಳೆಯಲಿಲ್ಲ. ನನಗೂ ಹೊಳೆಯಲಿಲ್ಲ.

ತಿಂಗಳೊಪ್ಪತ್ತಿನಲ್ಲಿ ಅಧಿಕಾರಿಗಳ ಸಂಬಳದ ಪಟ್ಟಿ ಊರೆಲ್ಲ ಓಡಾಡಿತು. ಅದನ್ನು ತೆರೆದವರ ಹೆಸರು ನೋಡಿದರೆ ಆ ಹುಡುಗನದೇ! ಮೇಲಿನವರು ಅವನಿಗೆ ಫೋನು ಮಾಡಿ ಗದರಿಸಿದರು. ಆ ರಾತ್ರಿ ಅವನು ನನಗೆ ಫೋನು ಮಾಡಿದ. "ಸರ್, ನಾ ಅಲ್ಲಿಂದ ಬಂದು ತಿಂಗಳಾತ್ರಿ. ನನ್ನ ಹೆಸರು ಯಾಕ ಬಂತ್ರಿ? ಇಲ್ಲಿ ಗೊತ್ತಾದ್ರ ಈ ಕೆಲಸಾನೂ ಹೋಗ್ತದ" ಎಂದ. ಉತ್ತರ ಹೇಳಲು ನನಗೆ ಬಾಯಿ ಬರಲಿಲ್ಲ.

ಮರುದಿನ ಸರ್ವರಿನ ದಾಖಲೆ ತೆಗೆದೆ. ಖಾತೆಯ ಹೆಸರಿನೊಡನೆ, ಯಾವ ಕಂಪ್ಯೂಟರಿನಿಂದ ಪ್ರವೇಶವಾಯಿತೆಂಬುದೂ ಅದರಲ್ಲಿತ್ತು. ಅದು ಅವನ ಪಕ್ಕದ ಮೇಜಿನದು. ಹೋಗುವ ಮುಂಚೆ, "ಬೇಕಾದೀತು" ಎಂದು ಪಾಸ್‌ವರ್ಡನ್ನು ಆ ಗೆಳೆಯನಿಗೆ ಹೇಳಿದ್ದನಂತೆ. ಹುಡುಗನ ಮೇಲಿನ ಅಪವಾದ ಕಳೆಯಿತು. ನನ್ನ ಮೇಲಿನದು ಉಳಿಯಿತು.

ಅನೇಕ ಕಂಪನಿಗಳಲ್ಲಿ ಈ ಖಾತೆಗಳನ್ನು ಇಡುವುದು ಆಕ್ಟಿವ್ ಡೈರೆಕ್ಟರಿ ಎಂಬ ವ್ಯವಸ್ಥೆಯಲ್ಲಿ. ಮೈಕ್ರೋಸಾಫ್ಟ್ ಇದನ್ನು 2000ರಲ್ಲಿ ವಿಂಡೋಸ್ 2000 ಸರ್ವರಿನೊಡನೆ ಹೊರತಂದಿತು. ನೌಕರರ ಪಟ್ಟಿಯೂ ಬೀಗದ ಕೈಗಳ ಗೊಂಚಲೂ ಒಂದೇ ಕಪಾಟಿನಲ್ಲಿ ಇದ್ದಂತೆ ಎನ್ನಿ. ನೌಕರನಿಗೊಂದು ಖಾತೆ, ಶಾಖೆಗೊಂದು ಗುಂಪು. ಕಡತ ತೆರೆಯುವ ಹಕ್ಕನ್ನು ಗುಂಪಿಗೆ ಕೊಟ್ಟು, ನೌಕರನನ್ನು ಆ ಗುಂಪಿಗೆ ಸೇರಿಸುವುದು ಒಳ್ಳೆಯ ಪದ್ಧತಿ. ತೊಂದರೆ ಎಲ್ಲಿ? ಶಾಖೆ ಬದಲಾದಾಗ ಹೊಸ ಗುಂಪಿಗೆ ಸೇರಿಸುತ್ತಾರೆ, ಹಳೆಯದರಿಂದ ತೆಗೆಯಲು ಮರೆಯುತ್ತಾರೆ. ನಾಲ್ಕು ಶಾಖೆ ಸುತ್ತಿದವನ ಬಳಿ ನಾಲ್ಕರ ಕೈಗಳೂ ಉಳಿಯುತ್ತವೆ.

ಕೆಲಸ ಬಿಟ್ಟವರ ಖಾತೆಯನ್ನು ಆ ದಿನವೇ ನಿಷ್ಕ್ರಿಯಗೊಳಿಸಬೇಕು. ಆದರೆ ಅವಸರದಿಂದ ಅಳಿಸಬಾರದು. ಪ್ರತಿ ಖಾತೆಗೂ ಒಳಗೊಂದು ಗುರುತಿನ ಸಂಖ್ಯೆ ಉಂಟು. ಅಳಿಸಿ ಅದೇ ಹೆಸರಿನಲ್ಲಿ ಹೊಸದನ್ನು ತೆರೆದರೆ ಸಂಖ್ಯೆ ಬೇರೆಯಾಗುತ್ತದೆ. ಹಳೆಯ ಹಕ್ಕುಗಳು ಅದಕ್ಕೆ ಬರುವುದಿಲ್ಲ. ತಾತ್ಕಾಲಿಕ ನೌಕರರ ಖಾತೆಗಾದರೋ, ಮುಗಿಯುವ ತಾರೀಖನ್ನು ಮೊದಲೇ ಗೊತ್ತುಮಾಡಿ ಇಡಬಹುದು. ಆಗ ಯಾರು ಮರೆತರೂ ಆ ದಿನದ ನಂತರ ಅದರಿಂದ ಹೊಸದಾಗಿ ಒಳಬರಲಾಗದು.

ಇದೆಲ್ಲ ಕಂಪನಿಯವರ ಕೆಲಸ, ನಮಗೇನು ಎನ್ನಬೇಡಿ. ಆ ಖಾತೆಯಿಂದ ಏನು ನಡೆದರೂ ಮೊದಲು ಕೇಳಿಬರುವುದು ನಿಮ್ಮ ಹೆಸರು. ಪಾಸ್‌ವರ್ಡನ್ನು ಎಷ್ಟೇ ಆಪ್ತರಿಗೂ ಹೇಳಬೇಡಿ. ಶಾಖೆ ಬದಲಾದಾಗ, "ಹಳೆಯ ಹಕ್ಕು ತೆಗೆಯಿರಿ" ಎಂದು ನೀವೇ ಕೇಳಿರಿ. ಕೆಲಸ ಬಿಡುವಾಗ ಖಾತೆ ಮುಚ್ಚುವಂತೆ ಬರೆದುಕೊಟ್ಟು, ಆ ಪತ್ರದ ನಕಲೊಂದನ್ನು ಮನೆಯಲ್ಲಿ ಇಟ್ಟುಕೊಳ್ಳಿ.

ಬಾಡಿಗೆ ಮನೆಗಳನ್ನು ಬದಲಿಸಿ ಬದಲಿಸಿ ನಮಗೆಲ್ಲ ರೂಢಿಯಾಗಿದೆ. ಮನೆ ಬಿಡುವ ದಿನ ಬೀಗದ ಕೈಯನ್ನು ಮಾಲೀಕರಿಗೆ ಒಪ್ಪಿಸಿಯೇ ಗಾಡಿ ಹತ್ತುತ್ತೇವೆ. ಕಚೇರಿ ಬಿಡುವ ದಿನವೂ ಹಾಗೆಯೇ ಮಾಡಿರಿ. ಆ ಹುಡುಗ ಈಗಲೂ ದೀಪಾವಳಿಗೆ ಫೋನು ಮಾಡುತ್ತಾನೆ, ಹಳೆಯದನ್ನು ಎತ್ತುವುದಿಲ್ಲ. ನಾನು ಮಾತ್ರ ಮರೆತಿಲ್ಲ.