ಸಾವಿರ ಪ್ಲೇ ದಾಟದ ಹಾಡಿನ ದುಡ್ಡು ಎಲ್ಲಿ ಹೋಗುತ್ತೆ?

ಆಲ್ ಓಕೆ, ಚಂದನ್ ಶೆಟ್ಟಿ, ರಾಹುಲ್ ಡಿಟ್-ಓ, ಎಂಸಿ ಬಿಜ್ಜು. ಕನ್ನಡ ರ‍್ಯಾಪ್ ಅಂದ ಕೂಡಲೇ ಬಾಯಿಗೆ ಬರುವ ಹೆಸರುಗಳಿವು. ಪ್ರತಿ ಹೆಸರಿನ ಜೊತೆ ಒಂದೋ ಎರಡೋ ಹಾಡು ನೆನಪಾಗುತ್ತೆ, ಇಡೀ ಆಲ್ಬಂ ನೆನಪಾಗೋದು ಅಪರೂಪ. ತಮಿಳಿನ ಗೆಳೆಯರನ್ನು ಕೇಳಿದರೆ ಅರಿವು ಮತ್ತು ಆಫ್‌ರೋ 2019ರಲ್ಲಿ ತಂದ 'ತೆರುಕುರಲ್' ಅಂತಾರೆ. ಸಿಂಗಲ್ ಒಂದು ಮಾತು ಹೇಳಿ ಮುಗಿಸುತ್ತೆ. ಒಬ್ಬರು ತಮ್ಮ ಊರಿನ ಬಗ್ಗೆ ಪೂರ್ತಿ ಯೋಚಿಸಿದ್ದಾರೋ ಇಲ್ಲವೋ ಅನ್ನೋದು ಗೊತ್ತಾಗೋದು ಆಲ್ಬಂನಲ್ಲಿ.

ಈಗ ಊಹಿಸಿ: ಕದ್ರಿಯ ಒಬ್ಬಳು ಹುಡುಗಿ ಕನ್ನಡ, ತುಳು, ಬ್ಯಾರಿ ಬೆರೆಸಿ ಹತ್ತು ಹಾಡಿನ ಆಲ್ಬಂ ಮಾಡ್ತಾಳೆ. ಎಲ್ಲರೂ ಕೇಳೋ ಮೊದಲ ಪ್ರಶ್ನೆ, 'ಮಂಗಳೂರಲ್ಲಿ ಬಿಡ್ತಾರಾ?' 2009ರ ಪಬ್ ದಾಳಿ, 2012ರ ಹೋಮ್‌ಸ್ಟೇ ದಾಳಿ, 2025ರ ಸಾಲು ಕೊಲೆಗಳನ್ನು ಕಂಡ ಊರಿನಲ್ಲಿ ಆ ಪ್ರಶ್ನೆ ಸಹಜವೇ. ಆದರೆ ನನ್ನ ಪ್ರಕಾರ ಅವಳ ಆಲ್ಬಂ ಬೀದಿಗೆ ಬಂದು ಯಾರದೋ ಕಣ್ಣಿಗೆ ಬೀಳುವ ಮೊದಲೇ ಲೆಕ್ಕದಲ್ಲಿ ಸತ್ತಿರುತ್ತೆ.

ಲೆಕ್ಕ ಹೀಗಿದೆ. ಸ್ಪಾಟಿಫೈ ಒಂದು ಪ್ಲೇಗೆ ಇಷ್ಟು ಅಂತ ನಿಗದಿ ಮಾಡಿ ಕೊಡೋದಿಲ್ಲ. ಬಂದ ದುಡ್ಡಿನ ಒಂದು ಪಾಲನ್ನು ಗುಡ್ಡೆ ಹಾಕಿ, ಒಟ್ಟು ಪ್ಲೇಗಳಲ್ಲಿ ಯಾರದ್ದು ಎಷ್ಟು ಅಂತ ನೋಡಿ ಹಂಚುತ್ತೆ. ನೀವು ತಿಂಗಳಿಡೀ ಬರೀ ತುಳು ಹಾಡು ಕೇಳಿದರೂ ನಿಮ್ಮ ಚಂದಾ ಹಣದ ಬಹುಪಾಲು ಹೋಗೋದು ನೀವು ಕೇಳದವರಿಗೆ. ಇದರ ಮೇಲೆ 2024ರಿಂದ ಇನ್ನೊಂದು ನಿಯಮ ಬಂತು: ಹಿಂದಿನ 12 ತಿಂಗಳಲ್ಲಿ ಕನಿಷ್ಠ 1,000 ಪ್ಲೇ ಆಗದ ಹಾಡಿಗೆ ರೆಕಾರ್ಡಿಂಗ್ ರಾಯಲ್ಟಿ ಇಲ್ಲ. ಆ ಪಾಲು ಕಂಪನಿ ಇಟ್ಟುಕೊಳ್ಳಲ್ಲ, ನಿಜ. ಮಿತಿ ದಾಟಿದ ಹಾಡುಗಳಿಗೆ ಸೇರುತ್ತೆ. ಅಂದರೆ ಸಣ್ಣವರಿಂದ ತೆಗೆದು ದೊಡ್ಡವರಿಗೆ!

ಕಂಪನಿಯ ಸಮರ್ಥನೆಯೂ ಇದೆ. ಇಂಥ ಹಾಡುಗಳು ಗಳಿಸೋದು ತಿಂಗಳಿಗೆ ಸರಾಸರಿ 3 ಸೆಂಟ್; ಆ ಚಿಲ್ಲರೆ ವಿತರಕರ ಕನಿಷ್ಠ ಮೊತ್ತ ದಾಟದೆ ಕಲಾವಿದರ ಕೈಗೆ ಹೇಗೂ ಸೇರ್ತಿರಲಿಲ್ಲ ಅನ್ನೋದು. ದುಡ್ಡಿನ ಮಟ್ಟಿಗೆ ಒಪ್ಪೋಣ. ಆದರೆ ನಿಯಮ ಅನ್ವಯವಾಗೋದು ಕಲಾವಿದೆಗಲ್ಲ, ಒಂದೊಂದು ಹಾಡಿಗೆ. ಕದ್ರಿ ಹುಡುಗಿಯ ಹತ್ತರಲ್ಲಿ ಎರಡು ಹಾಡು ರೀಲ್ಸ್‌ನಲ್ಲಿ ಓಡಿ ಇಪ್ಪತ್ತು ಸಾವಿರ ದಾಟಿದವು ಅಂದುಕೊಳ್ಳಿ. ಬೀಡಿ ಕಟ್ಟಿ ಮನೆ ನಡೆಸಿದ ಅಜ್ಜಿಯ ಬಗ್ಗೆ ಬರೆದ ಏಳನೇ ಹಾಡು ಒಂಬೈನೂರಕ್ಕೆ ನಿಂತರೆ, ಅದರ ಬೆಲೆ ಸೊನ್ನೆ. ಮುಂದಿನ ಸಲ ಆ ಏಳನೇ ಹಾಡನ್ನು ಅವಳು ಯಾಕೆ ಬರೀತಾಳೆ? ಲೆಕ್ಕ ಬಲ್ಲವರು ಎರಡು ಸಿಂಗಲ್ ಮಾಡಿ ಸುಮ್ಮನಾಗ್ತಾರೆ. ತುಳು, ಬ್ಯಾರಿಯಂಥ ಭಾಷೆಗಳಲ್ಲಿ ಕೇಳುಗರ ಸಂಖ್ಯೆಯೇ ಕಡಿಮೆ, ಏಟು ಅಲ್ಲಿ ಇನ್ನೂ ಜೋರು.

ಬೀಟ್‌ನದ್ದು ಬೇರೆ ಕತೆ. ಅಂಡರ್‌ಗ್ರೌಂಡ್ ಹುಡುಗರು ಹೆಚ್ಚಾಗಿ ಬೀಟ್ ಕೊಳ್ಳೋದಿಲ್ಲ, ನೆಟ್‌ನಲ್ಲಿ ಲೀಸ್‌ಗೆ ತಗೋತಾರೆ. ಲೀಸ್‌ನಲ್ಲಿ ಸಾಮಾನ್ಯವಾಗಿ ಪ್ಲೇಗಳಿಗೆ ಮಿತಿ ಇರುತ್ತೆ, ಅದೇ ಬೀಟನ್ನು ಇನ್ನೊಬ್ಬರಿಗೂ ಕೊಡಬಹುದು. ಹಾಡು ಕೈಗೂಡಿದ ದಿನವೇ ಅದು ಪೂರ್ತಿ ನಿಮ್ಮದಲ್ಲ ಅಂತ ಗೊತ್ತಾಗೋದು.

ಹಿಟ್ ಆದರೆ ಎಲ್ಲ ಸರಿಹೋಗುತ್ತಾ? 2021ರ 'ಎಂಜಾಯ್ ಎಂಜಾಮಿ' ನೋಡಿ. ಶ್ರೀಲಂಕಾದ ಚಹಾ ತೋಟದಲ್ಲಿ ದುಡಿದ ತನ್ನ ಅಜ್ಜಿ ವಳ್ಳಿಯಮ್ಮಾಳ್ ಬದುಕಿನಿಂದ ಅರಿವು ಕಟ್ಟಿದ ಹಾಡದು. ಕೋಟಿಗಟ್ಟಲೆ ಜನ ಕೇಳಿದರು. ಅದೇ ವರ್ಷ ಆಗಸ್ಟ್‌ನಲ್ಲಿ ರೋಲಿಂಗ್ ಸ್ಟೋನ್ ಇಂಡಿಯಾ ಮುಖಪುಟದಲ್ಲಿ ಗಾಯಕಿ ಧೀ ಇದ್ದರು, ಅರಿವು ಇರಲಿಲ್ಲ. ಗಲಾಟೆ ಆದ ಮೇಲೆ ಅವರಿಗೆ ಬೇರೆ ಡಿಜಿಟಲ್ ಮುಖಪುಟ ಬಂತು. 2024ರ ಮಾರ್ಚ್‌ನಲ್ಲಿ ಸಂಗೀತ ನಿರ್ದೇಶಕ ಸಂತೋಷ್ ನಾರಾಯಣನ್, ಈ ಹಾಡಿನಿಂದ ಲೇಬಲ್ ಮೂಲಕ ತಮಗೆ ಒಂದು ಪೈಸೆಯೂ ಬಂದಿಲ್ಲ ಅಂತ ಬಹಿರಂಗವಾಗಿ ಹೇಳಿದರು.

ಕಾಗದದ ಮೇಲೆ ಕಾನೂನು ಗಟ್ಟಿಯಾಗಿದೆ. 2012ರ ಹಕ್ಕುಸ್ವಾಮ್ಯ ತಿದ್ದುಪಡಿ ಪ್ರಕಾರ ಸಾಹಿತ್ಯ ಬರೆದವರು, ಸಂಗೀತ ಕಟ್ಟಿದವರು ತಮ್ಮ ರಾಯಲ್ಟಿ ಪಾಲನ್ನು ಬರೆದುಕೊಟ್ಟುಬಿಡಲು ಬರುವುದಿಲ್ಲ. ಆದರೆ ರೆಕಾರ್ಡಿಂಗ್‌ನ ಒಡೆತನ, ಅಂದ್ರೆ ಮಾಸ್ಟರ್, ಒಪ್ಪಂದದಲ್ಲಿ ಕೈ ಬದಲಾಗುತ್ತೆ. ಸಹಿ ಹಾಕೋ ಇಪ್ಪತ್ತೆರಡರ ಹುಡುಗನ ಪಕ್ಕ ವಕೀಲರು ಕೂತಿರಲ್ಲ.

ಹಾಗಂತ ಮಂಗಳೂರಿಗೆ ಇದು ಹೊಸ ಸಮಸ್ಯೆ ಅಲ್ಲ. ಸಣ್ಣ ಭಾಷೆಯಲ್ಲಿ ಹಾಡಿ ಬದುಕೋದು ಹೇಗೆ ಅಂತ ಕೊಂಕಣಿಯವರು ಕ್ಯಾಸೆಟ್ ಕಾಲದಲ್ಲೇ ತೋರಿಸಿದ್ದರು. ವಿಲ್ಫಿ ರೆಬಿಂಬಸ್ ಹಾಡುಗಳನ್ನು ಊರಿನವರು, ಮುಂಬೈಯವರು, ಗಲ್ಫ್‌ನವರು ದುಡ್ಡು ಕೊಟ್ಟು ಕೊಂಡರು, 'ವಿಲ್ಫಿ ನೈಟ್' ಟಿಕೆಟ್ ತಗೊಂಡು ಬಂದು ಕೂತರು. ಅಲ್ಲಿ ಸಾವಿರ ಜನ ಅಂದರೆ ಸಾವಿರ ಟಿಕೆಟ್. ಆ್ಯಪ್‌ನಲ್ಲಿ ಅದೇ ಸಾವಿರ, ದುಡ್ಡು ಹುಟ್ಟೋಕೆ ದಾಟಲೇಬೇಕಾದ ಗೆರೆ ಅಷ್ಟೇ. ಒಂದು ವ್ಯತ್ಯಾಸ ಮರೆಯಬಾರದು: ವಿಲ್ಫಿ ಹಿಂದೆ ಒಂದು ಸಮುದಾಯ ಇತ್ತು. ಮೂರು ಸಮುದಾಯದ ಭಾಷೆ ಬೆರೆಸಿ ಮೂವರನ್ನೂ ಪ್ರಶ್ನಿಸುವ ರ‍್ಯಾಪರ್‌ಗೆ ಟಿಕೆಟ್ ಕೊಳ್ಳೋರು ಯಾರು? ಇದಕ್ಕೆ ಸುಲಭದ ಉತ್ತರ ಇಲ್ಲ.

ಕದ್ರಿಯಲ್ಲೇ ಆಕಾಶವಾಣಿ ಇದೆ, 1976ರಿಂದ. ತುಳು, ಕೊಂಕಣಿಗೆ ಅಲ್ಲಿ ಜಾಗ ಸಿಕ್ಕಿದೆ. ಶಾಸ್ತ್ರೀಯ, ಸುಗಮ, ಜಾನಪದ ಅಂತ ಆಡಿಷನ್ ಮಾಡಿ ಗ್ರೇಡ್ ಕೊಡುವ ಆ ವ್ಯವಸ್ಥೆಯಲ್ಲಿ ರ‍್ಯಾಪರ್ ಯಾವ ಸಾಲಲ್ಲಿ ನಿಲ್ಲಬೇಕು? (ತಾಳಮದ್ದಳೆಯೇ ನಮ್ಮ ರ‍್ಯಾಪ್ ಅನ್ನೋ ವಾದ ನನಗೆ ಹಿಡಿಸಲ್ಲ. ಗೌರವ ಕೊಡೋಕೆ ನೆಂಟಸ್ತಿಕೆ ಹುಡುಕಬೇಕಾ?) ಇದೇ ಕದ್ರಿಯ ಹೆಸರು ಹೊತ್ತ ಗೋಪಾಲನಾಥರು ಬ್ಯಾಂಡ್‌ಸೆಟ್ಟಿನ ಸ್ಯಾಕ್ಸೋಫೋನನ್ನು ಕರ್ನಾಟಕ ಸಂಗೀತದ ಕಚೇರಿಗೆ ತಂದಾಗ ಅದಕ್ಕೂ ಮೊದಲೇ ಸಾಲು ಇರಲಿಲ್ಲ.

ಸರ್ಕಾರ ತುಳು, ಕೊಂಕಣಿ, ಬ್ಯಾರಿ ಸಿನಿಮಾಗಳಿಗೂ ಸಬ್ಸಿಡಿ ಕೊಡುತ್ತೆ. ಆಲ್ಬಂಗೂ ಕೊಡಲಿ ಅನ್ನೋರಿದ್ದಾರೆ. ಸರ್ಕಾರಕ್ಕೆ ಬೈಯೋ ಹಾಡಿಗೆ ಸರ್ಕಾರದ ಸಮಿತಿ ದುಡ್ಡು ಮಂಜೂರು ಮಾಡುತ್ತೆ ಅಂತ ನನಗೆ ನಂಬಿಕೆ ಇಲ್ಲ. ಅದರ ಬದಲು ಮುನ್ನೂರು ಜನ ಮುನ್ನೂರು ರೂಪಾಯಿಯಂತೆ ಮೊದಲೇ ಕೊಟ್ಟರೆ 90,000 ಆಗುತ್ತೆ. ಅಷ್ಟರಲ್ಲಿ ಲೋಕಲ್ ಪ್ರೊಡ್ಯೂಸರ್ ಜೊತೆ ಕೂತು ಸ್ವಂತ ಬೀಟ್ ಕಟ್ಟಬಹುದು, ಯಾರ ಪಾಲು ಎಷ್ಟು ಅಂತ ಮೊದಲ ದಿನವೇ ಒಂದು ಹಾಳೆಯಲ್ಲಿ ಬರೆದಿಡಬಹುದು, ಮಾಸ್ಟರ್ ಮನೆಯಲ್ಲೇ ಉಳಿಯುತ್ತೆ. ಏಳನೇ ಹಾಡಿಗೂ ಆಗ ದುಡ್ಡು ಬಂದಿರುತ್ತೆ, ಒಂಬೈನೂರೇ ಜನ ಕೇಳಿದರೂ.