ಗೋಕಾಕರು ಮತ್ತು ನಮ್ಮ ಇಂಗ್ಲೀಷು

ನಮ್ಮಲ್ಲಿ ಎರಡು ಮಾತುಗಳು ಮೇಲಿಂದ ಮೇಲೆ ಕಿವಿಗೆ ಬೀಳುತ್ತವೆ. "ಇಂಗ್ಲೀಷೊಂದು ಇರದಿದ್ದರೆ ನಾನು ಎಂದೋ ಪಾಸಾಗುತ್ತಿದ್ದೆ" ಎಂಬುದು ಒಂದು. "ಗೋಕಾಕ ವರದಿಯಿಂದಲೇ ಹಳ್ಳಿಯ ಹುಡುಗರ ಇಂಗ್ಲೀಷು ಕೆಟ್ಟಿತು" ಎಂಬುದು ಇನ್ನೊಂದು. ಈ ಎರಡನೆಯ ಮಾತನ್ನಾಡುವ ಅನೇಕರಿಗೆ, ಆ ವರದಿಗೆ ಹೆಸರು ಕೊಟ್ಟ ಮಹನೀಯರು ತಮ್ಮ ಆಯುಷ್ಯದ ಬಹುಭಾಗವನ್ನು ಇಂಗ್ಲೀಷಿನ ಅಧ್ಯಾಪನದಲ್ಲಿಯೇ ಸವೆಸಿದವರೆಂಬ ಸಂಗತಿ ತಿಳಿದಿರಲಿಕ್ಕಿಲ್ಲ.

ವಿನಾಯಕ ಕೃಷ್ಣ ಗೋಕಾಕರು 1909ರಲ್ಲಿ ಸವಣೂರಿನಲ್ಲಿ ಜನಿಸಿದರು. ಧಾರವಾಡದ ಕರ್ನಾಟಕ ಕಾಲೇಜಿನಲ್ಲಿ ಓದಿ ಪುಣೆಯಲ್ಲಿ ಅಧ್ಯಾಪಕರಾದರು. ಮುಂದೆ ಆಕ್ಸ್‌ಫರ್ಡಿಗೆ ಹೋಗಿ ಇಂಗ್ಲೀಷ ಸಾಹಿತ್ಯದಲ್ಲಿ ಪ್ರಥಮ ವರ್ಗದಲ್ಲಿ ಉತ್ತೀರ್ಣರಾಗಿ ಬಂದರು. ಸಾಂಗಲಿಯ ವಿಲಿಂಗ್ಡನ್ ಕಾಲೇಜು, ಕೊಲ್ಹಾಪುರದ ರಾಜಾರಾಮ ಕಾಲೇಜು, ಧಾರವಾಡದ ಕರ್ನಾಟಕ ಕಾಲೇಜು—ಇವುಗಳಿಗೆಲ್ಲ ಅವರು ಪ್ರಾಚಾರ್ಯರಾಗಿದ್ದರು. ಇವಾವುವೂ ನಮ್ಮ ಜಮಖಂಡಿ-ಮುಧೋಳಗಳಿಗೆ ತೀರ ದೂರದ ಊರುಗಳಲ್ಲ. ಹೈದರಾಬಾದಿನ ಕೇಂದ್ರೀಯ ಇಂಗ್ಲೀಷ ಸಂಸ್ಥೆಯ ನಿರ್ದೇಶಕರಾಗಿ, ದೇಶದ ಇಂಗ್ಲೀಷ ಶಿಕ್ಷಕರಿಗೆ ಕಲಿಸುವ ಕ್ರಮವನ್ನು ತಿದ್ದುವ ಕೆಲಸವನ್ನೂ ಮಾಡಿದರು. ಇಂಗ್ಲೀಷಿನಲ್ಲಿ ಸ್ವತಃ ಕವಿತೆ, ವಿಮರ್ಶೆಗಳನ್ನು ಬರೆದರು.

ಇಷ್ಟೇ ಆಗಿದ್ದರೆ ಅವರು ಒಬ್ಬ ದೊಡ್ಡ ಪ್ರೊಫೆಸರರಾಗಿ ಉಳಿಯುತ್ತಿದ್ದರು. ಆದರೆ ಬೇಂದ್ರೆಯವರ ಗೆಳೆಯರ ಗುಂಪಿನಲ್ಲಿ ಬೆಳೆದ ಈ "ವಿನಾಯಕ"ರು, ಕಲಿತದ್ದನ್ನೆಲ್ಲ ಮನೆಗೆ ಹೊತ್ತು ತಂದರು. ಆಕ್ಸ್‌ಫರ್ಡಿನ ಕಡಲ ಪ್ರಯಾಣ ಅವರಿಗೆ ಬರಿಯ ಪದವಿಯನ್ನು ಕೊಡಲಿಲ್ಲ. "ಸಮುದ್ರ ಗೀತೆಗಳು" ಎಂಬ ಕನ್ನಡ ಕವನಸಂಗ್ರಹವನ್ನೂ ಕೊಟ್ಟಿತು. ಅದರೊಡನೆ ಮುಕ್ತ ಛಂದಸ್ಸು ಕನ್ನಡದಲ್ಲಿ ಬೇರೂರತೊಡಗಿತು. "ದ್ಯಾವಾ ಪೃಥಿವೀ" ಕಾವ್ಯಕ್ಕೆ 1960ರಲ್ಲಿ ಸಾಹಿತ್ಯ ಅಕಾಡೆಮಿಯ ಪ್ರಶಸ್ತಿ ಬಂದಿತು. "ಭಾರತ ಸಿಂಧು ರಶ್ಮಿ" ಎಂಬ ಮಹಾಕಾವ್ಯವನ್ನು ಬರೆದ ಅವರಿಗೆ 1990ರ ಜ್ಞಾನಪೀಠ ಪ್ರಶಸ್ತಿ ಸಂದಿತು. 1992ರಲ್ಲಿ ಅವರು ತೀರಿಕೊಂಡರು.

ಇಂಥವರು 1980ರಲ್ಲಿ ಭಾಷಾ ಸಮಿತಿಯ ಅಧ್ಯಕ್ಷರಾದರು. ಪ್ರೌಢಶಾಲೆಯಲ್ಲಿ ಕನ್ನಡವೇ ಪ್ರಥಮ ಭಾಷೆಯಾಗಿರಬೇಕೆಂದು 1981ರಲ್ಲಿ ವರದಿ ಕೊಟ್ಟರು. ಅದರ ಜಾರಿಗಾಗಿ 1982ರಲ್ಲಿ ನಾಡೇ ಎದ್ದು ನಿಂತಿತು. ನಟ ರಾಜಕುಮಾರರು ಊರೂರು ತಿರುಗಿದರು. ಆ ವರದಿಯ ಬಗೆಗೆ ಭಿನ್ನಾಭಿಪ್ರಾಯಗಳಿರಬಹುದು. ಆದರೆ ಕನ್ನಡಕ್ಕೆ ಮೊದಲ ಮಣೆ ಹಾಕಿರೆಂದುದು ಇಂಗ್ಲೀಷನ್ನು ಹೊರಗೆ ಹಾಕಿರೆಂದಂತೆ ಆಗುವುದಿಲ್ಲ. ಇಂಗ್ಲೀಷಿನ ಆಳವನ್ನು ಕಂಡವರೇ ಕನ್ನಡದ ಪರವಾಗಿ ನಿಂತರೆಂಬುದನ್ನು ನಾವು ಮರೆಯಬಾರದು.

"ಅವರು ಆಕ್ಸ್‌ಫರ್ಡಿಗೆ ಹೋದವರು; ಬೀಳಗಿ, ಬನಹಟ್ಟಿಯ ನಮ್ಮಂಥವರ ಗತಿಯೇನು?" ಎಂದು ಮಿತ್ರರು ಕೇಳಬಹುದು. ಹಾಗಾದರೆ ನಮ್ಮ ನೆಲದವರನ್ನೇ ನೋಡೋಣ. ಗುರುದೇವ ರಾನಡೆಯವರು 1886ರಲ್ಲಿ ಹುಟ್ಟಿದ್ದು ಈ ಜಮಖಂಡಿಯಲ್ಲಿ. ಶಾಲೆ ಕಲಿತದ್ದೂ ಇಲ್ಲಿಯೇ. ಅವರು ಉಪನಿಷತ್ತುಗಳ ತತ್ತ್ವಜ್ಞಾನವನ್ನು ಕುರಿತು ಇಂಗ್ಲೀಷಿನಲ್ಲಿ ಬರೆದ ಗ್ರಂಥ 1926ರಲ್ಲಿ ಪ್ರಕಟವಾಯಿತು. ಕನ್ನಡ ಸಂತರ ವಾಣಿಯನ್ನೂ ಅವರು ಇಂಗ್ಲೀಷಿನಲ್ಲಿ ಜಗತ್ತಿನ ಮುಂದಿಟ್ಟರು. ಇನ್ನೂ ಹಿಂದೆ ಹೋದರೆ ಮುಧೋಳದ ರನ್ನನಿದ್ದಾನೆ. ಅವನು ಸಂಸ್ಕೃತವನ್ನು ಆಳವಾಗಿ ಕಲಿತನು. "ಗದಾಯುದ್ಧ"ವನ್ನು ಬರೆದದ್ದು ಕನ್ನಡದಲ್ಲಿ. ಪರಭಾಷೆ ಇವರಾರಿಗೂ ಭೂತವಾಗಿ ಕಾಡಲಿಲ್ಲ.

ಹಾಗಾದರೆ ದೋಷವೆಲ್ಲಿದೆ? ನನ್ನ ಮಟ್ಟಿಗೆ ಹೇಳುವುದಾದರೆ, ಪಠ್ಯಪುಸ್ತಕವನ್ನು ತೆರೆಯದೆ ಗೈಡು ಕೊಂಡು, ಅರ್ಥ ತಿಳಿಯದ ಉತ್ತರಗಳನ್ನು ಬಾಯಿಪಾಠ ಮಾಡಿ ಪರೀಕ್ಷೆಗೆ ಕುಳಿತವರಲ್ಲಿ ನಾನೂ ಒಬ್ಬನು. ಅದು ಇಂಗ್ಲೀಷೂ ಅಲ್ಲ, ಕನ್ನಡವೂ ಅಲ್ಲ. ಯಾವ ವರದಿಯೂ ನನಗೆ ಹಾಗೆ ಮಾಡೆಂದು ಹೇಳಿರಲಿಲ್ಲ. ಕನ್ನಡದಲ್ಲಿ ಒಂದು ಪುಟ ನೆಟ್ಟಗೆ ಬರೆಯಲಾರದವನು ಇಂಗ್ಲೀಷಿನಲ್ಲಿ ಬರೆದಾನೆಂಬುದೇ ಭ್ರಮೆ. ರಬಕವಿ-ಬನಹಟ್ಟಿಯ ನೇಕಾರರಿಗೆ ಇದು ಚೆನ್ನಾಗಿ ಗೊತ್ತು: ಹಾಸು ಗಟ್ಟಿಯಾಗಿದ್ದರೆ ಮಾತ್ರ ಹೊಕ್ಕು ನಿಲ್ಲುತ್ತದೆ. ನಮಗೆ ಹಾಸು ಕನ್ನಡ, ಹೊಕ್ಕು ಇಂಗ್ಲೀಷು. ಒಂದೇ ಇದ್ದರೆ ಬಟ್ಟೆಯಾಗದು.

ಆದುದರಿಂದ ನನ್ನದೊಂದು ಸಲಹೆ. ಗೈಡನ್ನು ಬದಿಗಿಟ್ಟು ವಾರಕ್ಕೊಂದು ಇಂಗ್ಲೀಷ ಪುಟವನ್ನು ನಿಘಂಟಿನ ನೆರವಿನಿಂದ ಓದಿ, ನಮ್ಮ ಮನೆಯವರಿಗೆ ತಿಳಿಯುವ ಕನ್ನಡದಲ್ಲಿ ಬರೆಯೋಣ. ತಪ್ಪಾದರೆ ಗುರುಗಳು ತಿದ್ದಲಿ. ತಿದ್ದುವಾಗ ನಗದಿರಲಿ ಎಂಬುದಷ್ಟೇ ಅವರಲ್ಲಿ ವಿನಂತಿ. ನಗೆಗೆ ಅಂಜಿಯೇ ನಮ್ಮಲ್ಲಿ ಎಷ್ಟೋ ಜನ ಬಾಯಿ ಬಿಡದೆ ಹಿಂದಿನ ಬಾಕಿನಲ್ಲಿ ಕುಳಿತಿದ್ದಾರೆ.

ಗೋಕಾಕರ ಹೆಸರು ಹೇಳಿ ಇಂಗ್ಲೀಷನ್ನು ಬಿಡುವುದೂ ಬೇಡ, ಇಂಗ್ಲೀಷಿನ ಹೆಸರು ಹೇಳಿ ಗೋಕಾಕರನ್ನು ಬೈಯುವುದೂ ಬೇಡ. ಅವರಂತೆ ಎರಡನ್ನೂ ಕಲಿಯುವ ಕಷ್ಟವನ್ನು ಮೊದಲು ಪಡೋಣ.