ಹೋಗೋಕೆ ದಾರಿ ಇದೆ, ಬರೋಕೆ ಇಲ್ಲ

ದೀಪಾವಳಿಗೆ ಊರಿಗೆ ಹೋದಾಗ ಸಂಡೂರಿಗೂ ಹೋಗಿ ಬಸ್ಯಾನನ್ನು ನೋಡಿಕೊಂಡು ಬಂದೆ. ಬಸ್ಯಾ ನನ್ನ ಪಿಯುಸಿ ದೋಸ್ತ. ನಾನು ಕಂಪ್ಲಿ ಹತ್ತಿರದ ಹಳ್ಳಿಯವನು, ಅವನು ಸಂಡೂರಿನವನು, ಹೊಸಪೇಟೆಯಲ್ಲಿ ಎರಡು ವರ್ಷ ಒಂದೇ ರೂಮಿನಲ್ಲಿ ಇದ್ದವರು. ಚಹಾ ಕುಡಿಯುತ್ತಾ ಕೂತಿದ್ದಾಗ ಅವನ ಮಗಳು ಒಳಗಿಂದ ಒಂದು ಹಳೇ ಗೇಮ್‌ಬಾಯ್ ತಂದು ನನ್ನ ಮುಂದೆ ಹಿಡಿದಳು.

"ಮಾಮ, ಅಪ್ಪನ ಕರಿಯ ನಿಮ್ಮ ಹತ್ರ ಐತಂತಲ್ಲ. ಯಾವಾಗ ವಾಪಸ್ ಕೊಡ್ತೀರಿ?"

ಬಸ್ಯಾ ನಗ್ತಾ ಇದ್ದ. ನನಗೆ ನಗು ಬರಲಿಲ್ಲ. ಹನ್ನೆರಡು ವರ್ಷದಿಂದ ಸಾಫ್ಟ್‌ವೇರ್ ಬರೆದು ಹೊಟ್ಟೆ ಹೊರೀತಿರೋ ನನಗೆ ಆ ಹುಡುಗಿಯ ಪ್ರಶ್ನೆಗೆ ಉತ್ತರ ಗೊತ್ತಿತ್ತು. ಹೇಳೋಕೆ ನಾಚಿಕೆ ಆಯ್ತು, ಅಷ್ಟೇ.

ಕರಿಯ ಅಂದ್ರೆ ಪೋಕೆಮಾನ್ ರೂಬಿ ಆಟದ ಒಂದು ಜೀವಿ. ಜಾತಿ ಸ್ವಾಂಪರ್ಟ್, ಮೈಬಣ್ಣ ನೀಲಿ. ಹೆಸರು ಮಾತ್ರ ಕರಿಯ, ಯಾಕಂದ್ರೆ 2003ರ ದರ್ಶನ್ ಸಿನಿಮಾದ ಗುಂಗು ಬಸ್ಯಾನಿಗೆ ಇನ್ನೂ ಇಳಿದಿರಲಿಲ್ಲ. ಆಗ ನಮ್ಮ ಕಡೆ ಕೆಂಪು ಮಣ್ಣಿಗೆ ಚಿನ್ನದ ಬೆಲೆ. ಸಂಡೂರಿನ ಗುಡ್ಡ ಅಗೆದು ಅದಿರನ್ನು ಚೀನಾಕ್ಕೆ ಕಳಿಸ್ತಾ ಇದ್ದ ಕಾಲ. ಬಸ್ಯಾನ ಅಪ್ಪ ಸಾಲ ಮಾಡಿ ಟಿಪ್ಪರ್ ಇಳಿಸಿದ್ದರು. ದುಬೈನಿಂದ ಬಂದ ಸಂಬಂಧಿಕರೊಬ್ಬರು ಅಣ್ಣತಮ್ಮ ಇಬ್ಬರಿಗೂ ಒಂದೊಂದು ಗೇಮ್‌ಬಾಯ್ ಅಡ್ವಾನ್ಸ್ ತಂದುಕೊಟ್ಟಿದ್ದರು, ಒಂದರಲ್ಲಿ ರೂಬಿ, ಇನ್ನೊಂದರಲ್ಲಿ ಸಫೈರ್. ಬಟನ್ ಸಂದಿಯಲ್ಲೆಲ್ಲ ಅದಿರಿನ ಧೂಳು. ಪಿಯುಸಿ ಮುಗಿದ ಬೇಸಿಗೆಯಲ್ಲಿ, 2008ರಲ್ಲಿ, ಅವನ ಅಣ್ಣನ ಯಂತ್ರವನ್ನು ನಾನು ಕೊಂಡುಕೊಂಡೆ. ಹಂಪಿ ಬಜಾರಿನ ಕಲ್ಲುಮಂಟಪದ ನೆರಳಲ್ಲಿ ಕೂತು, ಎರಡಕ್ಕೂ ಕೇಬಲ್ ಸಿಕ್ಕಿಸಿ, ಬಸ್ಯಾ ಕರಿಯನನ್ನು ನನ್ನ ಕಡೆ ದಾಟಿಸಿದ. "ಬೆಂಗಳೂರಿಗೆ ಹೊಂಟೀದಿ, ಕರ್ಕೊಂಡು ಹೋಗು. ಓದು ಮುಗಿದ ಮ್ಯಾಲೆ ವಾಪಸ್ ಕೊಡ್ಲೇ" ಅಂದ. ಕೊಡ್ತೀನಿ ಅಂದೆ.

ಆಮೇಲೆ 2011ರಲ್ಲಿ ಸುಪ್ರೀಂ ಕೋರ್ಟ್ ಬಳ್ಳಾರಿಯ ಗಣಿಗಾರಿಕೆ ನಿಲ್ಲಿಸಿತು. ಟಿಪ್ಪರ್‌ಗಳು ಹೋದವು, ಬಸ್ಯಾನ ಓದೂ ನಿಂತಿತು. ನನ್ನದು ಮುಗಿಯಿತು. ಕೆಲಸ ಸಿಕ್ಕಿತು. ಮೊದಲ ಸಂಬಳದಲ್ಲಿ ನಾನು ಮಾಡಿದ್ದು ಏನು ಗೊತ್ತಾ? ಕರಿಯನನ್ನು 'ಅಪ್‌ಗ್ರೇಡ್' ಮಾಡಿದೆ.

ಈ ಆಟ ಆಡದವರಿಗೆ ಸ್ವಲ್ಪ ಹೇಳಬೇಕು. ಗೇಮ್‌ಬಾಯ್ ಅಡ್ವಾನ್ಸ್‌ನ ಜೀವಿಯನ್ನು ಮುಂದಿನ ಯಂತ್ರಕ್ಕೆ ದಾಟಿಸೋಕೆ ನಿಂಟೆಂಡೋ ಡಿಎಸ್ ಬೇಕು. ಅದೂ ಹಳೇ ಕ್ಯಾಸೆಟ್ ಹಾಕೋ ಎರಡನೇ ಕಿಂಡಿ ಇರೋ ಡಿಎಸ್. ಆಮೇಲೆ ಬಂದ ಡಿಎಸ್‌ಐನಲ್ಲಿ ಆ ಕಿಂಡಿ ಇಲ್ಲ. ನಾನು ಸೆಕೆಂಡ್ ಹ್ಯಾಂಡ್ ಡಿಎಸ್ ಲೈಟ್ ಹುಡುಕಿ ತಂದೆ. ಅದರಲ್ಲಿ ಪ್ಲಾಟಿನಮ್ ಆಟದ ಕಥೆ ಪೂರ್ತಿ ಮುಗಿಸಿದ ಮೇಲಷ್ಟೇ 'ಪಾಲ್ ಪಾರ್ಕ್' ಅನ್ನೋ ಬಾಗಿಲು ತೆರೆಯಿತು. ಒಂದು ಸಲಕ್ಕೆ ಆರು ಜೀವಿ. ದಾಟಿದ ಮೇಲೆ ನಮ್ಮದನ್ನೇ ನಾವು ಪಾರ್ಕಿನೊಳಗೆ ಹುಡುಕಿ ಮತ್ತೆ ಹಿಡೀಬೇಕು.

ಇನ್ನೂ ಒಂದು ಷರತ್ತಿತ್ತು. 'ಸರ್ಫ್' ಥರದ ಕೆಲವು ವಿದ್ಯೆಗಳು ಗೊತ್ತಿರೋ ಜೀವಿಯನ್ನು ದಾಟೋಕೆ ಬಿಡಲ್ಲ. ಸರ್ಫ್ ಅಂದ್ರೆ ನಮ್ಮನ್ನು ಬೆನ್ನ ಮೇಲೆ ಕೂರಿಸಿಕೊಂಡು ನೀರು ದಾಟಿಸೋ ವಿದ್ಯೆ. ಕರಿಯ ನೀರಿನ ಪ್ರಾಣಿ, ಅವನ ಬದುಕೇ ಅದು. ಸಫೈರ್ ಆಟದೊಳಗೆ ವಿದ್ಯೆ ಮರೆಸೋ ಒಬ್ಬ ಮುದುಕ ಇದ್ದಾನೆ. ಅವನ ಹತ್ರ ಕರಕೊಂಡು ಹೋಗಿ ಮರೆಸಿದೆ. ಈಜು ಮರೆತರೆ ಮಾತ್ರ ಹೊಳೆ ದಾಟಬಹುದು! ಆಗ ನಗು ಬಂದಿತ್ತು. ಮೊದಲ ಇಂಟರ್‌ವ್ಯೂನಲ್ಲಿ ನಮ್ಮೂರ ಮಾತು ನಾಲಿಗೆಗೆ ಬರದ ಹಾಗೆ ನೋಡಿಕೊಂಡಿದ್ದ ನನಗೆ ಆ ಷರತ್ತು ವಿಚಿತ್ರ ಅಂತಲೂ ಅನ್ನಿಸಲಿಲ್ಲ.

ಅಲ್ಲಿಂದ ಮುಂದೆ, ಸಹೋದ್ಯೋಗಿಯ ಹತ್ರ ಇನ್ನೊಂದು ಡಿಎಸ್ ಸಾಲ ತಗೊಂಡು ಪ್ಲಾಟಿನಮ್‌ನಿಂದ ಬ್ಲ್ಯಾಕ್‌ಗೆ. 3ಡಿಎಸ್ ಬಂದ ಮೇಲೆ ಬ್ಲ್ಯಾಕ್‌ನಿಂದ 'ಪೋಕೆಮಾನ್ ಬ್ಯಾಂಕ್'ಗೆ. 2020ರ ಲಾಕ್‌ಡೌನ್‌ನಲ್ಲಿ ಬ್ಯಾಂಕ್‌ನಿಂದ 'ಪೋಕೆಮಾನ್ ಹೋಮ್'ಗೆ. ಈಗ ಕರಿಯ ಎಲ್ಲೋ ಒಂದು ಸರ್ವರ್‌ನಲ್ಲಿ ಇದ್ದಾನೆ. ಫೋನಿನಲ್ಲೇ ತೋರಿಸಬಹುದು. ಹೆಸರು ಕರಿಯ, ಮೂಲ ಒಡೆಯ ಬಸ್ಯಾ, ಎಲ್ಲ ಹಾಗೇ ಇದೆ. ಆದರೆ ಈ ನಾಲ್ಕು ಹೆಜ್ಜೆಯಲ್ಲಿ ಒಂದೂ ಹಿಂದಕ್ಕೆ ಇಡೋಕೆ ಬರಲ್ಲ. ಬಸ್ಯಾನ ಮನೆಯಲ್ಲಿ ರೂಬಿ ಕ್ಯಾಸೆಟ್ ಇನ್ನೂ ಓಡುತ್ತೆ. ಒಳಗಿನ ಗಡಿಯಾರದ ಬ್ಯಾಟರಿ ಸತ್ತಿದೆ, ಸೇವ್ ಮಾತ್ರ ಫ್ಲ್ಯಾಶ್ ಮೆಮರಿಯಲ್ಲಿ ಇರೋದರಿಂದ ಉಳಿದಿದೆ. ನನ್ನ ಸಫೈರ್ ಕೂಡ ಓಡುತ್ತೆ. ಕೇಬಲ್ಲೂ ಇದೆ. ಕರಿಯ ಆ ಸಫೈರಿನಲ್ಲೇ ಇದ್ದಿದ್ದರೆ ಎರಡು ನಿಮಿಷದಲ್ಲಿ ವಾಪಸ್ ಕೊಟ್ಟು ಮಾತು ಉಳಿಸಿಕೊಳ್ತಿದ್ದೆ. ನಾನು ಬಸ್ಯಾನನ್ನು ಒಂದು ಮಾತು ಕೇಳದೆ ದಾಟಿಸಿದ್ದೆ. ಆ ತಪ್ಪು ನನ್ನದೇ.

ಆದರೆ ದಾರಿಯನ್ನು ಒಂದೇ ಕಡೆಗೆ ಕಟ್ಟಿದ್ದು ನಾನಲ್ಲ. ಜಗಳ ಇರೋದು ಅಲ್ಲಿ.

"ಹಳೇ ಆಟಕ್ಕೆ ಹೊಸ ಜೀವಿ ಅರ್ಥ ಆಗಲ್ಲ ಕಣಪ್ಪಾ, ಟೆಕ್ನಿಕಲ್ ಸಮಸ್ಯೆ" ಅಂತ ನಮ್ಮ ಕಸುಬಿನವರು ತಕ್ಷಣ ಹೇಳ್ತಾರೆ. ನಾನೂ ಇಷ್ಟು ದಿನ ಹಾಗೇ ಹೇಳ್ತಾ ಇದ್ದೆ. ಸುಳ್ಳು. 1996ರಲ್ಲಿ ಜಪಾನಿನಲ್ಲಿ ಮೊದಲ ಪೋಕೆಮಾನ್ ಆಟಗಳು ಬಂದವು. 1999ರಲ್ಲಿ ಗೋಲ್ಡ್ ಮತ್ತು ಸಿಲ್ವರ್ ಬಂದವು. ಆ ಗೋಲ್ಡ್‌ನಲ್ಲಿ 'ಟೈಮ್ ಕ್ಯಾಪ್ಸೂಲ್' ಅಂತ ಒಂದು ಕೋಣೆ ಇತ್ತು. ಅಲ್ಲಿ ಹೊಸ ಆಟದಿಂದ ಹಳೇ ಆಟಕ್ಕೆ ಜೀವಿಯನ್ನು ಕಳಿಸಬಹುದಿತ್ತು, ಹಳೇದರಿಂದ ಹೊಸದಕ್ಕೆ ತರಲೂಬಹುದಿತ್ತು. ನಿಯಮ ಇಷ್ಟೇ: ಹಳೇ ಆಟಕ್ಕೆ ಗೊತ್ತಿಲ್ಲದ ಜೀವಿ, ಗೊತ್ತಿಲ್ಲದ ವಿದ್ಯೆ ಇದ್ದರೆ ತಡೆ, ಉಳಿದದ್ದೆಲ್ಲ ಆರಾಮಾಗಿ ಹೋಗಿಬರಬಹುದು. ನಿಮ್ಮ ಕೈಗಡಿಯಾರಕ್ಕಿಂತ ಬಡಪಾಯಿ ಯಂತ್ರದಲ್ಲಿ 1999ರಲ್ಲೇ ಆಗಿದ್ದು ಇವತ್ತು ಆಗಲ್ಲ ಅಂದ್ರೆ ಅದು ಟೆಕ್ನಿಕಲ್ ಸಮಸ್ಯೆ ಅಲ್ಲ. ಹಿಂದಕ್ಕೆ ಕಳಿಸೋ ದಾರಿಯನ್ನು ಯಾರೋ ಬೇಡ ಅಂದಿದ್ದಾರೆ, ಅಷ್ಟೇ.

ಇನ್ನೊಂದು ಲೆಕ್ಕ ಕೇಳಿ. ರೂಬಿ ಕಾಲದ ಒಂದು ಜೀವಿಯ ಇಡೀ ದಾಖಲೆ, ಅಂದ್ರೆ ಹೆಸರು, ಒಡೆಯ, ಕಲಿತ ವಿದ್ಯೆ, ಹುಟ್ಟುಗುಣ, ಇಷ್ಟೂ ಸೇರಿ 80 ಬೈಟ್. ಯೂನಿಕೋಡ್‌ನಲ್ಲಿ ಕನ್ನಡದ ಒಂದೊಂದು ಸಂಕೇತ ಫೈಲಿನೊಳಗೆ ಸಾಮಾನ್ಯವಾಗಿ 3 ಬೈಟ್ ತಿನ್ನುತ್ತೆ, ಅಂದ್ರೆ 80 ಬೈಟಿನಲ್ಲಿ 26 ಸಂಕೇತ ಹಿಡೀತವೆ. ಈ ಸಾಲಿನಷ್ಟೂ ಇಲ್ಲ! ಅಷ್ಟನ್ನು ಒಂದು ಫೈಲ್ ಮಾಡಿ ನನ್ನ ಕೈಗೆ ಕೊಡಿ ಅಂದ್ರೆ ಅಂಥ ಬಟನ್ನೇ ಇಲ್ಲ. ಬದಲಿಗೆ ಏನಿದೆ? ಹೋಮ್‌ನಲ್ಲಿ ದುಡ್ಡು ಕೊಡದವರಿಗೆ 30 ಜೀವಿಗಳ ಜಾಗ, ವರ್ಷದ ಚಂದಾ ಕಟ್ಟಿದವರಿಗೆ 6,000. ಬ್ಯಾಂಕ್‌ನಿಂದ ಹೋಮ್‌ಗೆ ತರಬೇಕಾದರೆ ಚಂದಾ ಕಟ್ಟಲೇಬೇಕು. 2023ರ ಮಾರ್ಚ್‌ನಲ್ಲಿ 3ಡಿಎಸ್‌ನ ಆನ್‌ಲೈನ್ ಅಂಗಡಿ ಮುಚ್ಚಿತು. ಬ್ಯಾಂಕ್ ಫ್ರೀ ಆಯ್ತು ನಿಜ, ಆದರೆ ಮೊದಲೇ ಡೌನ್‌ಲೋಡ್ ಮಾಡಿಕೊಂಡಿರದವರಿಗೆ ಅದು ಸಿಗೋದೇ ಇಲ್ಲ. 2024ರ ಏಪ್ರಿಲ್‌ನಲ್ಲಿ 3ಡಿಎಸ್‌ನ ಆನ್‌ಲೈನ್ ಆಟಗಳೂ ನಿಂತವು. ಬ್ಯಾಂಕನ್ನು ಸದ್ಯಕ್ಕೆ ಬಿಟ್ಟಿದ್ದಾರೆ. ಅಟ್ಟದ ಮೇಲೆ ಹಳೇ ಕ್ಯಾಸೆಟ್ ಇಟ್ಟುಕೊಂಡಿರೋರ ಪಾಡು ಆ 'ಸದ್ಯಕ್ಕೆ' ಅನ್ನೋ ಪದದ ಮೇಲೆ ನಿಂತಿದೆ.

ನ್ಯಾಯವಾಗಿ ಹೇಳಬೇಕಂದ್ರೆ, ಎಷ್ಟೋ ಕಂಪನಿಗಳು ಹೀಗೆ ಮುಂದಕ್ಕೆ ಹೋಗೋ ದಾರಿಯನ್ನೂ ಕಟ್ಟಲ್ಲ. ಇವರು ಇಪ್ಪತ್ತು ವರ್ಷದ ಹಿಂದಿನ ಜೀವಿಯನ್ನು ಇವತ್ತಿನವರೆಗೆ ತಂದಿದ್ದಾರೆ, ಬಸ್ಯಾನ ಹೆಸರನ್ನು ಅಳಿಸದೆ ಉಳಿಸಿದ್ದಾರೆ. ಮೋಸ ಮಾಡಿ ತಯಾರಿಸಿದ ಜೀವಿಗಳು ನುಗ್ಗಬಾರದು ಅನ್ನೋ ಭಯ ಇದೆ ಅಂತಲೂ ಒಪ್ಪೋಣ. ಆದರೆ ಆ ಭಯ ಒಳಗೆ ಬರುವವರ ಬಗ್ಗೆ ತಾನೇ? ಹೊರಗೆ ಹೋಗುವವನನ್ನು ಯಾಕೆ ತಡೀಬೇಕು? ನನ್ನ ಕರಿಯ ಸಂಡೂರಿನ ಒಂದು ಹಳೇ ಕ್ಯಾಸೆಟ್‌ಗೆ ಹೋಗಿ ಕೂತರೆ ಯಾರ ಸರ್ವರ್ ಹಾಳಾಗುತ್ತೆ?

ನಮ್ಮ ಕಡೆಯವರಿಗೆ ಒಂದೇ ದಿಕ್ಕಿನ ವಲಸೆ ಹೊಸದಲ್ಲ. 1945ರಲ್ಲಿ ಶುರುವಾಗಿ 1953ರಲ್ಲಿ ತುಂಗಭದ್ರಾ ಡ್ಯಾಮ್ ಮುಗಿದಾಗ ಸುಮಾರು 90 ಹಳ್ಳಿಗಳು ನೀರಿನಡಿ ಹೋದವು. ನಾರಾಯಣದೇವರಕೆರೆಯ ಜನ ಮರಿಯಮ್ಮನಹಳ್ಳಿಗೆ ಬಂದು ಮನೆ ಕಟ್ಟಿಕೊಂಡರು. ಊರು ಕಳಕೊಂಡವರ ಸಂಕಟಕ್ಕೂ ನನ್ನ ಆಟದ ಗೊಂಬೆಗೂ ಹೋಲಿಕೆ ಮಾಡಿದರೆ ನಾಲಿಗೆ ಬಿದ್ದುಹೋಗುತ್ತೆ, ಮಾಡಲ್ಲ. ಹೇಳೋದು ಇಷ್ಟೇ: ಅವರು ವಾಪಸ್ ಹೋಗಲಾರದ್ದಕ್ಕೆ ಕಣ್ಣೆದುರು ನೀರಿತ್ತು. ನಮ್ಮ ಕಸುಬಿನಲ್ಲಿ ನೀರೂ ಇಲ್ಲ, ಕಲ್ಲೂ ಇಲ್ಲ. ಹಿಂದಕ್ಕೆ ಕಳಿಸೋ ನಾಲ್ಕು ಸಾಲು ಕೋಡ್ ಬರೀದೇ ಇದ್ದು, ಅದನ್ನೇ ಪ್ರಕೃತಿ ನಿಯಮ ಅನ್ನೋ ಥರ ಮಾತಾಡ್ತೀವಿ. ಕಂಪ್ಲಿ ಸೇತುವೆ ಡ್ಯಾಮಿನಿಂದ ನೀರು ಬಿಟ್ಟಾಗ ಮುಳುಗುತ್ತೆ. ನೀರು ಇಳಿದ ಮೇಲೆ ಗಂಗಾವತಿ ಕಡೆಗೂ ಬಸ್ ಹೋಗುತ್ತೆ, ಕಂಪ್ಲಿ ಕಡೆಗೂ ಬರುತ್ತೆ. ಸೇತುವೆ ಅಂದ್ರೆ ಅದು.

"ಬರೀ ಆಟ ಕಣ್ರೀ, ಇಷ್ಟೊಂದು ಸಿಟ್ಟು ಯಾಕೆ" ಅನ್ನೋರು ತಮ್ಮ ಕನ್ನಡದ ಫೈಲುಗಳನ್ನೇ ನೆನಪು ಮಾಡಿಕೊಳ್ಳಲಿ. ನುಡಿ, ಬರಹದ ಹಳೇ ಫಾಂಟ್‌ಗಳಲ್ಲಿ ಟೈಪ್ ಮಾಡಿಟ್ಟ ಲಕ್ಷಾಂತರ ಪುಟಗಳು ಯೂನಿಕೋಡ್ ಬಂದಾಗ ಕಸ ಆಗಬಹುದಿತ್ತು. ಆಗಲಿಲ್ಲ, ಯಾಕಂದ್ರೆ ಪರಿವರ್ತಕ ಬರೆದವರು ಎರಡೂ ಕಡೆಗೆ ಬರೆದರು. ಇವತ್ತಿಗೂ ಪುಟ ಕಟ್ಟೋ ಎಷ್ಟೋ ಕಡೆ ಯೂನಿಕೋಡ್ ಬರಹವನ್ನು ವಾಪಸ್ ಹಳೇ ನುಡಿಗೆ ತಿರುಗಿಸಿಕೊಂಡೇ ಕೆಲಸ ಮಾಡ್ತಾರೆ. ಹಳೇ ಯಂತ್ರ ಇಟ್ಟುಕೊಂಡವನು ಮೂರ್ಖ ಅಂತ ಅವರು ತೀರ್ಮಾನ ಮಾಡಿಬಿಡಲಿಲ್ಲ. ದೊಡ್ಡ ಸಂಬಳ ಇಲ್ಲದವರು ಮಾಡಿದ ಆ ಕೆಲಸವನ್ನು ದೊಡ್ಡ ಸಂಬಳದ ನಾವು ಯಾಕೆ ಮಾಡಲ್ಲ?

ಯಾಕಂದ್ರೆ ನಮ್ಮ ಮೀಟಿಂಗ್‌ಗಳಲ್ಲಿ ಆ ಪ್ರಶ್ನೆಯನ್ನು ಯಾರೂ ಎತ್ತಲ್ಲ. ನಾನೇ ಎಷ್ಟು 'ಮೈಗ್ರೇಶನ್' ಮಾಡಿದ್ದೀನಿ. ಹಳೇ ಸಿಸ್ಟಂನಿಂದ ಹೊಸದಕ್ಕೆ ಡೇಟಾ ಹೋಯ್ತಾ, ಹೋಯ್ತು, ಹಳೇದನ್ನು ಆಫ್ ಮಾಡಿ, ಪಾರ್ಟಿ ಮಾಡಿ. ವಾಪಸ್ ಬೇಕು ಅನ್ನೋರು ಯಾರಾದರೂ ಇದ್ದಾರಾ ಅಂತ ಒಂದು ಸಲವೂ ಕೇಳಿಲ್ಲ. ಒಂದು ಸಲ ಹೊಸ ಹುಡುಗಿಯೊಬ್ಬಳು ಕೇಳಿದ್ದಳು. "ಸ್ಕೋಪ್‌ನಲ್ಲಿ ಇಲ್ಲ" ಅಂತ ಬಾಯಿ ಮುಚ್ಚಿಸಿದವನು ನಾನೇ.

ಹಾಗಾಗಿ ಓದ್ತಾ ಇರೋ ಇಂಜಿನಿಯರ್ ಬಂಧುಗಳೇ, ಮುಂದಿನ ಸಲ ಯಾರದೋ ವಸ್ತುವನ್ನು ಹೊಸ ಜಾಗಕ್ಕೆ ದಾಟಿಸುವಾಗ ಮೂರು ಕೆಲಸ ಮಾಡಿ. ಹಿಂದಕ್ಕೆ ಹೋಗೋ ದಾರಿ ಬರೀರಿ, ಎಲ್ಲ ಆಗದಿದ್ದರೆ ಹಳೇದಕ್ಕೆ ಅರ್ಥ ಆಗುವಷ್ಟಕ್ಕಾದರೂ ಬರೀರಿ. ಅವರ ಡೇಟಾವನ್ನು ಫೈಲ್ ಮಾಡಿ ಅವರ ಕೈಗೆ ಕೊಡೋ ಬಟನ್ ಇಡಿ, ಅದಕ್ಕೆ ಬಾಡಿಗೆ ಕೇಳಬೇಡಿ. ಅಂಗಡಿ ಮುಚ್ಚೋದಾದರೆ ಕೀಲಿ ಹಾಕೋ ಮುಂಚೆ ಎಲ್ಲರ ಸಾಮಾನನ್ನು ಹೊರಗೆ ಕೊಡಿ. ಹಳೇ ಕ್ಯಾಸೆಟ್ ಇರೋರಿಗೆ ನನ್ನ ಮಾತು ಬೇರೆ: ದಾಟಿಸೋ ಮುಂಚೆ ಸೇವ್ ಫೈಲನ್ನು ಕಂಪ್ಯೂಟರಿಗೆ ಇಳಿಸಿಟ್ಟುಕೊಳ್ಳಿ, ಅದಕ್ಕೆ ಬೇಕಾದ ರೀಡರ್ ಯಂತ್ರಗಳು ಸಿಗ್ತವೆ. ನಾನು ಇಳಿಸಿಟ್ಟುಕೊಂಡಿರಲಿಲ್ಲ.

ಅವತ್ತು ಸಂಡೂರಿನಲ್ಲಿ ಹುಡುಗಿಗೆ ಫೋನಿನಲ್ಲಿ ಕರಿಯನನ್ನು ತೋರಿಸಿದೆ. ಅಪ್ಪನ ಹೆಸರು ಓದಿ ಕುಣಿದಳು. ಆಮೇಲೆ ವಾಪಸ್ ಬರೋಕಾಗಲ್ಲ ಅಂತ ಬಿಡಿಸಿ ಹೇಳಿದೆ. ಬಸ್ಯಾ, "ಹೋಗ್ಲಿ ಬಿಡಲೇ, ಟಿಪ್ಪರೇ ಹೋದ್ವು, ಇದೇನು ದೊಡ್ಡದು" ಅಂದ. ನನ್ನನ್ನು ಸಮಾಧಾನ ಮಾಡೋಕೆ ಅಂದ ಮಾತು ಅದು.

ಮಗಳು ಬಿಡಲಿಲ್ಲ. ಕೈಯಲ್ಲಿದ್ದ ಗೇಮ್‌ಬಾಯ್ ನೋಡಿದಳು, ನನ್ನ ಫೋನ್ ನೋಡಿದಳು, ಕೊನೆಗೆ ನನ್ನ ಮುಖ ನೋಡಿದಳು.

"ಮತ್ತೆ ನೀವು ಇಂಜಿನಿಯರ್ ಅಂತಲ್ಲ ಮಾಮ?"